ಚಿಲ್ಲರೆ ಸಾಮಾನು

ಬಳ್ಳಾರಿಯವಳು ಬಲ್ಲಾರಟ್‌ನಲ್ಲಿ ಇಪ್ಪತ್ತು ವರ್ಷ ಕಳೆದರೂ
ಜೂನ್ ತಿಂಗಳು ಅಂದರೆ ಬಿಸಿಲೇ ನೆನಪಾಗುತ್ತದೆ, ಬೀಳುವುದು ಇಬ್ಬನಿ.
ವೃದ್ಧಾಶ್ರಮದ ರಾತ್ರಿಪಾಳಿ ಮುಗಿಸಿ, ಬೂಟು ಬಿಚ್ಚದೆ,
ಹೀಟರಿನ ಮುಂದೆ ಕೂತು ಕಾರ್ಡಿನ ಲೆಕ್ಕ ಬಿಡಿಸಿದೆ.
ಹಾಲು, ಪೆಟ್ರೋಲು, ಫೋನು, ಮತ್ತೆ ಹಾಲು, ಜೋಳದ ಹಿಟ್ಟು,
ಎಲ್ಲ ನನ್ನವೇ. ನಡುವೆ ಕಾಲು ಚಾಚಿ ಕೂತವನೊಬ್ಬ:
ಆಟೋ ಸರ್ವಿಸ್, ಕೆ.ಎಂ.ಟಿ. ಹೋಲ್ಡಿಂಗ್ಸ್, ಅಡಿಲೇಡ್.
ಆರುನೂರ ನಲವತ್ತೆರಡು ಡಾಲರು, ಮೇಲೆ ಮೂವತ್ತು ಸೆಂಟು.

ನಾನು ಅಡಿಲೇಡ್ ನೋಡಿಲ್ಲ.
ನನ್ನ ಕಾರೂ ನೋಡಿಲ್ಲ.

ಆಟೋ ಅಂದರೆ ನನಗೆ ಮೂರು ಗಾಲಿ.
ಸ್ಟೇಶನ್ನಿನ ಮುಂದೆ ಹತ್ತು ರೂಪಾಯಿ ಜಾಸ್ತಿ ಕೇಳಿದವನ ಜೊತೆ
ಕೈಚೀಲ ಕೆಳಗಿಟ್ಟು ಜಗಳ ಆಡಿ, ಐದಕ್ಕೆ ಒಪ್ಪಿ,
ಹತ್ತಿ ಕೂತ ಮೇಲೆ ಅವನ ಮಗಳಿಗೆ ಗಂಡು ಗೊತ್ತಾಯಿತೇ ಎಂದು ಕೇಳುವುದು.
ಇಲ್ಲಿ ಜಗಳಕ್ಕೆ ಮುಖವೇ ಇಲ್ಲ.
ಒಂದು ಒತ್ತು. ನಾಲ್ಕು ಒತ್ತು. ಪಿಟೀಲು.
ನಲವತ್ತು ನಿಮಿಷದ ಪಿಟೀಲಿನ ಆಚೆ ಮೈಕೇಲಾ ಎಂಬ ಹುಡುಗಿ:
ಈ ವ್ಯವಹಾರ ನಿಮಗೆ ಪರಿಚಯವೇ?
ಇಲ್ಲ.
ಕಾರ್ಡು ನಿಮ್ಮ ಹತ್ತಿರವೇ ಇದೆಯೇ?
ಇದೆ.
ಮನೆಯಲ್ಲಿ ಬೇರೆ ಯಾರಾದರೂ ಬಳಸುತ್ತಾರೆಯೇ?
ಮನೆಯಲ್ಲಿ ಬೇರೆ ಯಾರೂ ಇಲ್ಲ.
ಅಷ್ಟನ್ನೂ ಅವಳು ಟೈಪು ಮಾಡಿದ ಸದ್ದು ಕೇಳಿಸಿತು.

ಕಾರ್ಡು ಕತ್ತರಿಸಿ ಎಂದಳು.
ಕೊತ್ತಂಬರಿ ವಾಸನೆಯ ಕತ್ತರಿಯಲ್ಲಿ
ನನ್ನ ಹೆಸರನ್ನು ಸರಿಯಾಗಿ ನಡುವೆ ಸೀಳಿದೆ:
ಇಂದು ಮೇಜಿನ ಮೇಲೆ ಉಳಿಯಿತು,
ಮತಿ ಕಸದ ಬುಟ್ಟಿಗೆ ಬಿತ್ತು.

ಒಂಬತ್ತನೇ ದಿನ ದುಡ್ಡು ವಾಪಸು, ತಾತ್ಕಾಲಿಕ ಜಮೆ.
ಗೆದ್ದೆ ಅಂದುಕೊಂಡು ಚಹಾಕ್ಕೆ ಎರಡು ಚಮಚ ಸಕ್ಕರೆ ಹಾಕಿದೆ.

ಮಂಗಳವಾರ ಫೋನು.
ಇಂದು, ನಾನು ಸ್ಟೆಲಿಯೋಸ್, ರೈಲ್ವೆ ಗೇಟಿನ ಹಿಂದಿನ ಗ್ಯಾರೇಜು.
ಬ್ಯಾಂಕಿನವರು ದುಡ್ಡು ಎಳೆದುಕೊಂಡರಂತೆ.
ಯಾಕೆ, ಬ್ರೇಕು ಹಿಡಿಯುತ್ತಿಲ್ಲವೇ?

ಬ್ರೇಕು!
ಮೇ ತಿಂಗಳು, ನಸುಕಿನ ಐದು ಗಂಟೆ,
ಮುದುಕಿ ಡೊರೀನಳ ಕೈ ಒಂದು ಕೈಯಲ್ಲಿ, ಫೋನು ಇನ್ನೊಂದರಲ್ಲಿ,
ಅವನ ಮಶೀನಿಗೆ ಹದಿನಾರು ಅಂಕಿ ಪಿಸುಗುಟ್ಟಿದ್ದೆ.
ಮನೆಗೆ ಬಂದು ಮಲಗಿದೆ. ನಿದ್ದೆ ಎಲ್ಲವನ್ನೂ ಒರೆಸಿಹಾಕಿತ್ತು.

ಕೊಟ್ಟೋನು ಕೋಡಂಗಿ, ಇಸ್ಕೊಂಡೋನು ಈರಭದ್ರ ಅಂತಿದ್ದ ಅಪ್ಪ.
ಕೊಟ್ಟು ಕಿತ್ತುಕೊಂಡವಳು ಏನಾಗುತ್ತಾಳೆ, ಹೇಳಿರಲಿಲ್ಲ.

ನಾಚಿಕೆ ಹೊತ್ತು ಹೋದೆ.
ಬೋರ್ಡಿನ ಮೇಲೆ ಇನ್ನೂ ಅವನ ಹೆಸರೇ ಇದೆಯಲ್ಲ, ಈ ಅಡಿಲೇಡ್ ಯಾರು ಅಂದೆ.
ಸ್ಪ್ಯಾನರ್ ಒರೆಸುತ್ತ ಹೇಳಿದ:
ಮಾರಿ ಎರಡು ವರ್ಷವಾಯಿತು. ಹೆಸರು ಇಳಿಸಿಲ್ಲ, ಅಷ್ಟೆ.
ಈಗ ಇಲ್ಲಿ ನಾನೂ ಸಂಬಳಕ್ಕೆ.

ಬಿಲ್ಲು ಕೇಳಿದೆ. ಅವನು ಬಾಯಲ್ಲಿ ಹೇಳಿದ್ದು ಐನೂರ ತೊಂಬತ್ತು.
ಕೆಳಗೆ ಇರುವೆಯಂಥ ಅಕ್ಷರದಲ್ಲಿ ಇನ್ನೆರಡು ಸಾಲು:
ಪರಿಸರ ಶುಲ್ಕ ಹದಿನಾಲ್ಕು ಮೂವತ್ತು,
ಚಿಲ್ಲರೆ ಸಾಮಾನು ಮೂವತ್ತೆಂಟು.

ಅಂದರೆ?
ಎಣ್ಣೆ ಒರೆಸುವ ಅರಿವೆ.
ಅಪ್ಪನದು ಬಟ್ಟೆ ಅಂಗಡಿ, ಸ್ಟೆಲಿಯೋಸ್.
ಮೂವತ್ತೆಂಟು ಡಾಲರಿನ ಅರಿವೆಯಲ್ಲಿ ಅವನು
ಬೀಗರ ಮನೆಯವರಿಗೆಲ್ಲ ಉಡಿಸಿ ಕಳಿಸುತ್ತಿದ್ದ.
ನಕ್ಕ. ಕಂಪ್ಯೂಟರು ತಾನೇ ಸೇರಿಸುತ್ತದೆ,
ತೆಗೆಯುವ ಬಟನ್ನು ನನ್ನ ಹತ್ತಿರ ಇಲ್ಲ ಅಂದ.
ಆಮೇಲೆ ಒಳಗೆ ಹೋಗಿ ಕಾಗದದ ಚೀಲದ ತುಂಬ
ಅರಿವೆ ತುಂಬಿ ತಂದು ಕೈಗಿಟ್ಟ. ತಗೋ, ನಿನ್ನವೇ.

ಮತ್ತೆ ಪಿಟೀಲು. ಈ ಸಲ ಬೇರೆ ಹುಡುಗ, ಅದೇ ಪ್ರಶ್ನೆ:
ಈ ವ್ಯವಹಾರ ನಿಮಗೆ ಪರಿಚಯವೇ?
ಐನೂರ ತೊಂಬತ್ತರವರೆಗೆ ಪರಿಚಯ ಅಂದೆ.
ಅದನ್ನು ಅವನಿಗೆ ಕೊಟ್ಟುಬಿಡಿ. ಮಿಕ್ಕಿದ್ದಕ್ಕೆ ನನ್ನ ತಕರಾರಿದೆ, ಬರೆದುಕೊಳ್ಳಿ.
ಅಷ್ಟು ಸಣ್ಣ ಮೊತ್ತಕ್ಕೇ, ಮೇಡಂ?
ಬರೆದುಕೊಳ್ಳಿ.

ಅಡಿಲೇಡಿನಿಂದ ಉತ್ತರ ಇನ್ನೂ ಬಂದಿಲ್ಲ.
ಅರಿವೆಗಳನ್ನು ಬಿಸಿನೀರಲ್ಲಿ ಒಗೆದೆ.
ಒಂದು ಯಾವುದೋ ಶಾಲೆಯ ಅಂಗಿ, ಜೇಬು ಹಾಗೇ ಇದೆ.
ಬೆಳಗ್ಗೆ ಅದರಲ್ಲೇ ಗಾಜಿನ ಮೇಲಿನ ಮಂಜು ಒರೆಸುತ್ತೇನೆ,
ಆಸ್ಪತ್ರೆಯ ಇಳಿಜಾರಿನಲ್ಲಿ ಕಾಲು ಒತ್ತುತ್ತೇನೆ.
ಹಿಡಿಯುತ್ತದೆ.